ಹಿಮದ ಮದುವೆಯಲ್ಲಿ ಶುಕೂರ್ ಬಾಯಿ ಮುಚ್ಚಿದ್ದು

ನನ್ನ ಗಂಡ ಶುಕೂರ್ ಅಲಿಗೆ ದೇವರು ಕೈಕಾಲುಗಳನ್ನು ಎಲ್ಲರಂತೆಯೇ ಕೊಟ್ಟ. ಬಾಯಿಯನ್ನು ಮಾತ್ರ ಒಂದು ಕೇರಿಗಾಗುವಷ್ಟು ಕೊಟ್ಟ. ಶಿಖರ ಹತ್ತಲು ಬರುವ ವಿದೇಶಿಯರ ಹೊರೆ ಹೊತ್ತು ವರ್ಷಾನುಗಟ್ಟಲೆ ಹಿಮನದಿಯ ಮೇಲೆ ನಡೆದವರು ಇವರು. ಏದುಸಿರು ಬಿಡುತ್ತಲೂ ಮಾತಾಡುತ್ತಿದ್ದರಂತೆ. ನಮ್ಮ ಮೇಕೆ ಈದ ಕಥೆಯನ್ನು ಭಾಷೆ ಬಾರದ ವಿದೇಶಿಯರಿಗೆ ಪೂರ್ತಿ ಹೇಳಿ, ಅವರು ತಲೆಯಾಡಿಸಿದ ಕಥೆಯನ್ನು ಮನೆಗೆ ಬಂದು ನನಗೆ ಹೇಳುತ್ತಿದ್ದರು. ಕೇಳಿ ಕೇಳಿ ನನಗೆ ತಲೆ ಚಿಟ್ಟು ಹಿಡಿಯುತ್ತಿತ್ತು. ಅವರು ಹೊರೆ ಹೊರಲು ಹೋದ ದಿನಗಳಲ್ಲಿ ಮನೆ ಬಿಕೋ ಎನ್ನುತ್ತಿತ್ತು, ಅದೂ ನಿಜ.

ನಮ್ಮ ಹಳ್ಳಿಯ ಮೇಲುಗಡೆಯಿಂದ ರಾಷ್ಟ್ರೀಯ ಉದ್ಯಾನ ಶುರುವಾಗುತ್ತದೆ. ಉದ್ಯಾನದ ಫಲಕ ನೆಟ್ಟಾಗ ದೊಡ್ಡ ಹಿಮನದಿಯ ಮೂತಿ ಅದರ ಪಕ್ಕದಲ್ಲೇ ಇತ್ತು. ಈಗ ಅಲ್ಲಿ ನಿಂತರೆ ಕಾಣುವುದು ಬರೀ ಕಲ್ಲು. ಹಿಮ ಕರಗುತ್ತ ಕರಗುತ್ತ ಕಣಿವೆಯ ತಿರುವಿನಾಚೆ ಸರಿದಿದೆ. ನಮ್ಮ ಕಾಲುವೆಗೆ ನೀರು ಕೊಡುತ್ತಿದ್ದ ಪಕ್ಕದ ಇಳಿಜಾರಿನ ಸಣ್ಣ ಹಿಮವಂತೂ ಹೇಳಹೆಸರಿಲ್ಲದಂತೆ ಹೋಯಿತು. ಬಾರ್ಲಿ ಒಣಗತೊಡಗಿತು. ನೀರಿನ ಸರದಿಗಾಗಿ ಅಣ್ಣತಮ್ಮಂದಿರೇ ಸಲಿಕೆ ಎತ್ತಿಕೊಂಡು ನಿಂತ ಮೇಲೆ, ಹಿಮದ ಮದುವೆ ಮಾಡೋಣವೆಂದು ಹಿರಿಯರು ತೀರ್ಮಾನಿಸಿದರು.

ಗಂಡು ಹಿಮ ಕಪ್ಪು, ಮೈತುಂಬ ಕಲ್ಲು ಮಣ್ಣು. ಹೆಣ್ಣು ಹಿಮ ಬೆಳ್ಳಗೆ, ನೀರು ಕೊಡುವುದರಲ್ಲಿ ಧಾರಾಳಿ. ಎರಡನ್ನೂ ಬುಟ್ಟಿಗಳಲ್ಲಿ ಹೊತ್ತು ತಂದು, ಬಿಸಿಲು ಬೀಳದ ಎತ್ತರದ ಗುಹೆಯೊಂದರಲ್ಲಿ ಇದ್ದಿಲು, ಹೊಟ್ಟು ಹಾಕಿ ಒಟ್ಟಿಗೆ ಮುಚ್ಚಿಟ್ಟರೆ ಸಂಸಾರ ಬೆಳೆಯುತ್ತದೆ. ಆದರೆ ಹೊತ್ತವರು ದಾರಿಯಲ್ಲಿ ಬುಟ್ಟಿಯನ್ನು ನೆಲಕ್ಕೆ ಇಳಿಸುವಂತಿಲ್ಲ, ಒಂದೇ ಒಂದು ಮಾತೂ ಆಡುವಂತಿಲ್ಲ. ಆಡಿದರೆ ಆ ಹಿಮ ಎಂದೂ ಬೆಳೆಯದು.

ಇಂಥ ಕೆಲಸಕ್ಕೆ ಇವರು ನಾನೇ ಹೋಗುತ್ತೇನೆಂದು ಹಟ ಹಿಡಿದರು. ಸಭೆಗೆ ಸಭೆಯೇ ನಕ್ಕಿತು. ಊರಿನ ಹಿರಿಯಜ್ಜ ಅಪೋ ಮೆಹದಿ ನಗು ತಡೆದುಕೊಂಡು, "ಶುಕೂರ್, ನೀನು ನಿದ್ದೇಲೂ ಮಾತಾಡ್ತೀಯ ಅಂತ ನಿನ್ನ ಹೆಂಡ್ತೀನೇ ಹೇಳ್ತಾಳೆ. ಇದು ನೀರಿನ ವಿಷ್ಯ ಕಣಪ್ಪ, ಹುಡುಗಾಟ ಅಲ್ಲ" ಎಂದರು.

"ಅಪೋ, ಆ ಹಿಮದ ಮೇಲೆ ಜೀವಮಾನ ಪೂರ್ತಿ ಬೇರೆಯೋರ ಡೇರೆ, ಡಬ್ಬ ಹೊತ್ತಿದೀನಿ. ಒಂದ್ಸಲ ನಮ್ಮೂರಿಗೋಸ್ಕರ ಹಿಮಾನೇ ಹೊರ್ತೀನಿ."

ಇವರು ಇಷ್ಟು ಚಿಕ್ಕದಾಗಿ ಮಾತು ಮುಗಿಸಿದ್ದನ್ನು ಊರು ಅದುವರೆಗೆ ಕಂಡಿರಲಿಲ್ಲ. ಹಾಗಾಗಿಯೇ ಒಪ್ಪಿದರೆಂದು ಕಾಣುತ್ತದೆ. ಮನೆಯಲ್ಲಿ ಅಭ್ಯಾಸವೂ ನಡೆಯಿತು. ಒಲೆಯ ಮುಂದೆ ತುಟಿ ಬಿಗಿದು ಕೂರುತ್ತಿದ್ದರು. ಉಪ್ಪಿನ ಚಹಾ ಕುದಿಯುವಷ್ಟರಲ್ಲಿ, ತಾವು ಎಷ್ಟು ಚೆನ್ನಾಗಿ ಸುಮ್ಮನಿದ್ದೆವೆಂದು ನನಗೆ ವಿವರಿಸಲು ಶುರು ಮಾಡುತ್ತಿದ್ದರು. ದಾರಿಯಲ್ಲಿ ಬಾಯಿ ತಪ್ಪಿದರೆ ಊರಿನ ನೀರೂ ಹೋಗುತ್ತದೆ, ಈ ಮನುಷ್ಯನ ಮಾನವೂ ಹೋಗುತ್ತದೆ.

ಹಿಮ ಹೊತ್ತವರು ಊರಿನ ದಾರಿಯಲ್ಲಿ ಹಾಯುವ ದಿನ ಬೆಳಿಗ್ಗೆಯೇ, ಹೆರಿಗೆಗೆಂದು ಬಂದಿದ್ದ ನಮ್ಮ ಮಗಳು ಹಲೀಮಾಳಿಗೆ ನೋವು ಕಾಣಿಸಿಕೊಂಡಿತು. ಅವಳ ಮದುವೆಯಾಗಿ ಎಷ್ಟೋ ವರ್ಷವಾಗಿತ್ತು, ಮಗು ನಿಂತಿರಲಿಲ್ಲ. ಇವರು ಎಲ್ಲದರ ಬಗ್ಗೆ ಮಾತಾಡಿದರೂ ಅದರ ಬಗ್ಗೆ ಮಾತ್ರ ಆಡುತ್ತಿರಲಿಲ್ಲ. ಹೆಣ್ಣುಮಗು ಹುಟ್ಟಿತು. ಮಗುವನ್ನು ಒರೆಸಿ ತಾಯಿಯ ಪಕ್ಕ ಮಲಗಿಸಿ, ಸೆರಗಿನಿಂದ ಬಾಯಿ ಮುಚ್ಚಿಕೊಂಡು ದಾರಿಗೆ ಓಡಿದೆ. ಸಂಜೆಯ ತನಕ ಇವರಿಗೆ ಯಾರೂ ಹೇಳಕೂಡದೆಂದು ಹೆಂಗಸರೆಲ್ಲ ಆಣೆ ಮಾಡಿದ್ದೆವು.

ಬುಟ್ಟಿ ಹೊತ್ತವರು ಸಾಲಾಗಿ ಬಂದರು. ಇವರ ಬೆನ್ನಿನ ಮೇಲೆ ಹಿಮದ ನೀರು ತೊಟ್ಟಿಕ್ಕುತ್ತಿತ್ತು. ಪಕ್ಕದ ಮನೆಯ ಬತೂಲ್‌ಗೆ ತಡೆಯಲಾಗಲಿಲ್ಲ.

"ಶುಕೂರ್ ಕಾಕಾ, ಮೊಮ್ಮಗಳು ಹುಟ್ಟಿದಾಳೆ."

ಇವರು ನಿಂತರು. ಬಾಯಿ ತೆರೆಯಿತು. ಗಂಟಲಿನಲ್ಲಿ ಮಾತು ಏರುತ್ತಿರುವುದು ನನಗೆ ಕಣ್ಣಾರೆ ಕಂಡಿತು. ಅಪೋ ಮೆಹದಿ ಕಣ್ಣು ಮುಚ್ಚಿಕೊಂಡರು. ಇವರು ನನ್ನತ್ತ ನೋಡಿ ಹೊಟ್ಟೆ ಮುಟ್ಟಿಕೊಂಡು ಹುಬ್ಬೇರಿಸಿದರು, ತಾಯಿ ಹೇಗಿದ್ದಾಳೆ ಎಂದು. ಚೆನ್ನಾಗಿದ್ದಾಳೆಂದು ತಲೆಯಾಡಿಸಿದೆ. ಮಗು? ಕೈಯಲ್ಲಿ ಅಳತೆ ತೋರಿಸಿ, ಬಾಯಿ ಅಗಲಿಸಿ, ಊರೇ ಕೇಳುವಂತೆ ಅಳುತ್ತಿದೆಯೆಂದು ಅಭಿನಯಿಸಿದೆ. ಇವರ ಕಣ್ಣೀರು ಗಡ್ಡಕ್ಕಿಳಿಯಿತು, ಹೆಗಲು ನಗುವಿನಿಂದ ಕುಲುಕಿತು. ಹಿಂದಿದ್ದವರು ಬುಟ್ಟಿ ಜಾರದಂತೆ ಕೈ ಆನಿಸಿದರು. ಆಮೇಲೆ ಇವರು ತಮ್ಮ ಬಾಯಿಯನ್ನು ತಮ್ಮದೇ ಅಂಗೈಯಿಂದ ಮುಚ್ಚಿಕೊಂಡು ಗುಡ್ಡ ಹತ್ತಿದರು. ಆ ಗಂಡಸಿನ ಮೇಲೆ ನನಗೆ ಅವತ್ತಿನಷ್ಟು ಪ್ರೀತಿ ಎಂದೂ ಬಂದಿರಲಿಲ್ಲ.

ಸಂಜೆ ಮಗುವನ್ನು ಎತ್ತಿಕೊಂಡು ಕೂತರು, ಮಾತೇ ಇಲ್ಲ. ನನಗೆ ಗಾಬರಿಯಾಯಿತು.

"ಏನಾದ್ರೂ ಮಾತಾಡ್ರೀ, ಭಯ ಆಗುತ್ತೆ."

"ಇರು, ಎಲ್ಲಿಂದ ಶುರು ಮಾಡ್ಲಿ ಅಂತ ಯೋಚಿಸ್ತಿದೀನಿ" ಎಂದರು.

ಆ ಮಗುವೇ ಕನೀಜ್. ಈಗ ಬೆನ್ನಿಗೆ ಬುಟ್ಟಿ ಹಾಕಿಕೊಳ್ಳುವಷ್ಟು ಬೆಳೆದಿದ್ದಾಳೆ. ಕಳೆದ ಬೇಸಿಗೆಯಲ್ಲಿ, ಬಿಸಿಲು ಸುಡುವ ತಿಂಗಳಿನಲ್ಲೂ, ಆ ಗುಹೆಯ ಬುಡದಿಂದ ಕೈ ದಪ್ಪದ ನೀರು ಹರಿದು ನಮ್ಮ ಕಾಲುವೆಗೆ ಇಳಿಯಿತು. ಕನೀಜ್ ನೀರಿಗಿಂತ ಮುಂದೆ ಓಡಿಬಂದು, ಎಲ್ಲಿ ಹರಿಯಿತು, ಎಲ್ಲಿ ತಡೆಯಿತು, ಯಾರ ಮೇಕೆ ಕುಡಿಯಿತು ಎಂದು ಉಸಿರು ತೆಗೆದುಕೊಳ್ಳದೆ ಹೇಳತೊಡಗಿದಳು. ಇವರು ಬಾಯಿ ತೆರೆದಾಗಲೆಲ್ಲ, "ಇರಿ ಅಪೋ, ನಂದು ಮುಗೀಲಿಲ್ಲ" ಎಂದು ಅಜ್ಜನನ್ನೇ ತಡೆಯುತ್ತಿದ್ದಳು.

"ನಂಗೆ ಒಂದ್ಮಾತಾಡೋಕೂ ಬಿಡಲ್ವಲ್ಲೇ ಇವಳು" ಎಂದರು ನನ್ನ ಹತ್ತಿರ.

"ಅವತ್ತು ನೀವು ನುಂಗಿದ್ದೆಲ್ಲ ಅವಳ ಪಾಲಿಗೆ ಬಂದಿದೆ. ಸುಮ್ನೆ ಕೇಳಿ" ಎಂದೆ.

ಇವರು ಕಾಲುವೆಯ ದಂಡೆಯ ಮೇಲೆ ಕೂತು, ಬರುವ ನೀರಿಗೆ ಕಾಲು ಚಾಚಿ, ಸುಮ್ಮನೆ ಕೇಳಿದರು.