ಮೂವತ್ತೈದಕ್ಕೆ ಹಂಚಿದ ಕರದಂಟು

ಎದೆಗೆ ತಣ್ಣನೆಯ ಜೆಲ್ಲಿ ಹಚ್ಚಿದ ಕೂಡಲೇ ನನಗೆ ಕರದಂಟು ನೆನಪಾಯಿತು. ನಗಬೇಡಿ, ಕಾರಣ ಇದೆ. ಹರ್ನಿಯಾದ ಸಣ್ಣ ಆಪರೇಷನ್ ಒಂದು ನನ್ನ ಪಾಲಿಗೆ ಬಂದಿದೆ. ಅದಕ್ಕೆ ಮೊದಲು ಎದೆಯದೊಂದು ಎಕೋ ಮಾಡಿಸಿಕೊಂಡು ಬನ್ನಿ ಎಂದು ಗೋಕಾಕದ ಡಾಕ್ಟರು ಚೀಟಿ ಬರೆದುಕೊಟ್ಟರು. ಹೀಗಾಗಿ ಮೊನ್ನೆ ಘಟಪ್ರಭಾದ ದವಾಖಾನೆಯೊಂದರ ಮಬ್ಬು ಬೆಳಕಿನ ಕೋಣೆಯಲ್ಲಿ, ಅಂಗಿ ಬಿಚ್ಚಿ, ಎಡಮಗ್ಗುಲಾಗಿ ಮಲಗಿದ್ದೆ. ಪರದೆಯ ಮೇಲೆ ಬೂದು ಬಣ್ಣದ್ದೇನೋ ಒಂದು ಮುಚ್ಚುತ್ತಿತ್ತು, ತೆರೆಯುತ್ತಿತ್ತು.

"ಅದು ನಂದ ಏನ್ರಿ?" ಎಂದು ಕೇಳಿದೆ.

"ಹೂಂ ರಿ ಸರ. ಅಳ್ಳಾಡಬ್ಯಾಡ್ರಿ," ಎಂದಳು ಯಂತ್ರದ ಮುಂದೆ ಕುಳಿತವಳು.

ಆಮೇಲೆ ಅವಳು ಯಾವುದೋ ಗುಂಡಿ ಒತ್ತಿದಳು. ಸೊಂಯ್, ಸೊಂಯ್ ಎಂದು ಸದ್ದು ಶುರುವಾಯಿತು. ಎಂಟು ವರ್ಷದ ಹಿಂದೆ ಇದೇ ಬಾಗಿಲಿನ ಆಚೆ ನಿಂತು ಇದೇ ಸದ್ದನ್ನು ನಾನು ಕೇಳಿದ್ದೆ. ಆಗ ಒಳಗೆ ಮಲಗಿದ್ದವಳು ನಮ್ಮ ಗೌರಕ್ಕ.

ಗೌರಕ್ಕ ನನಗಿಂತ ಹತ್ತು ವರ್ಷಕ್ಕೆ ದೊಡ್ಡವಳು. ಅವ್ವ ತೀರಿಕೊಂಡಾಗ ನನಗೆ ಆರು. ಅದೇ ವರ್ಷ ಅಕ್ಕ ನಾಗನೂರಿಗೆ ಸೊಸೆಯಾಗಿ ಹೋದಳು. ಹೋಗುವಾಗ ಹೊಸ ತಾಮ್ರದ ಕೊಡದ ಜೊತೆಗೆ ನನ್ನನ್ನೂ ಒಯ್ದಳು. ಅವಳ ಅತ್ತೆ ಇಬ್ಬರನ್ನೂ ಮೇಲಿಂದ ಕೆಳಗೆ ನೋಡಿ, "ಕೊಡಾ ಬಾಳ ಚಲೋ ಐತಿ," ಎಂದಷ್ಟೇ ಹೇಳಿದರಂತೆ. ನಾನು ಅಲ್ಲೇ ಬೆಳೆದೆ, ಅಲ್ಲೇ ಸಾಲಿ ಕಲಿತೆ, ಆಮೇಲೆ ಗೋಕಾಕದಲ್ಲಿ ಗಣಿತದ ಮಾಸ್ತರನಾದೆ.

ಆ ಮನೆಯಲ್ಲಿ ಮೂರು ಎಮ್ಮೆ. ಹಿಂಡುವುದು ಅಕ್ಕನ ಕೆಲಸ, ಅದರಲ್ಲಿ ಯಾರೂ ಕೈ ಹಾಕುವಂತಿರಲಿಲ್ಲ. ಅವಳದೊಂದು ನೇಮವಿತ್ತು: ಮೂರು ಮೊಲೆಯ ಹಾಲು ಮನೆಗೆ, ನಾಲ್ಕನೆಯದು ಕರುವಿಗೆ. ಬೀಗರು ಬಂದು ಕುಳಿತಿರಲಿ, ಹಾಲು ಸಾಲದೆ ಕರೇ ಚಹಾ ಕೊಡುವ ಪ್ರಸಂಗ ಬರಲಿ, ನಾಲ್ಕನೆಯದರ ತಂಟೆಗೆ ಅವಳು ಹೋಗುತ್ತಿರಲಿಲ್ಲ. ನಾನು ಬಿ.ಎಡ್. ಮುಗಿಸಿ ಬಂದ ಹೊಸತರಲ್ಲಿ, ಅಕ್ಕನಿಗೆ ಜ್ವರ ಬಂದಿದ್ದ ಒಂದು ಮುಂಜಾನೆ, ಉತ್ಸಾಹದಿಂದ ನಾನೇ ಹಿಂಡಲು ಕುಳಿತೆ. ನಾಲ್ಕೂ ಮೊಲೆ ಹಿಂಡಿ, ಬಕೀಟು ತುಂಬಿಸಿ, ದಿನಕ್ಕೆ ಇಷ್ಟು ಹೆಚ್ಚಾದರೆ ತಿಂಗಳಿಗೆ ಎಷ್ಟು ಲೀಟರ್ ಎಂದು ಅವಳ ಮುಂದೆ ಲೆಕ್ಕ ಬೇರೆ ಒಪ್ಪಿಸಿದೆ. ಅಕ್ಕ ಕೌದಿ ಸರಿಸಿ ಎದ್ದಳು. ನನ್ನ ರಟ್ಟೆ ಹಿಡಿದು ಕೊಟ್ಟಿಗೆಗೆ ಕರೆದುಕೊಂಡು ಹೋಗಿ ಕರುವಿನ ಮುಂದೆ ನಿಲ್ಲಿಸಿದಳು.

"ಈಗ ಅದಕ್ಕ ನೀನ ಹೇಳು, ಇವತ್ತ ಹಾಲಿಲ್ಲಂತ," ಎಂದಳು.

ಪದವಿ ಪಡೆದ ಗಂಡಸು ಎಮ್ಮೆ ಕರುವಿನ ಮುಂದೆ ತಲೆ ತಗ್ಗಿಸಿ ನಿಂತದ್ದನ್ನು ನೀವು ನೋಡಬೇಕಿತ್ತು. ಅದು ನನ್ನ ಕೈ ನೆಕ್ಕಿತು. ಅಲ್ಲಿಂದ ಮುಂದೆ ನಾನು ಬಕೀಟು ಮುಟ್ಟಲಿಲ್ಲ.

ಇಂಥ ಅಕ್ಕನಿಗೆ ಅರವತ್ತು ದಾಟಿದ ಮೇಲೆ ಏದುಸಿರು ಹತ್ತಿತು. ಕೊಟ್ಟಿಗೆಯಿಂದ ಅಡುಗೆಮನೆಗೆ ಹತ್ತು ಹೆಜ್ಜೆ. ನಡುವೆ ಒಮ್ಮೆ ನಿಲ್ಲುತ್ತಿದ್ದಳು. "ವಯಸ್ಸಾತಲ್ಲೋ," ಎನ್ನುತ್ತಿದ್ದಳು. ಮೂಡಲಗಿಯ ಡಾಕ್ಟರು ಎದೆಗೆ ಕೊಳವೆಯಿಟ್ಟು ಕೇಳಿ, ಘಟಪ್ರಭಾಕ್ಕೆ ಹೋಗಿ ಎಕೋ ಮಾಡಿಸಿ ಎಂದರು. ನಾನು ರಜೆ ಹಾಕಿ ಕರೆದುಕೊಂಡು ಬಂದೆ. ಎಕೋ ಮುಗಿಯಿತು, ಲಕೋಟೆ ಕೈಗೆ ಬಂತು. "ಡಾಕ್ಟರ್ ಬಾಯಾರು ನಾಳೆ ಹತ್ತು ಗಂಟೆಕ್ಕ ನೋಡ್ತಾರ್ರಿ, ತಪ್ಪದ ಬರ್ರಿ," ಎಂದು ಅಲ್ಲಿಯವರು ಎರಡೆರಡು ಸಲ ಹೇಳಿದರು. ಹೇಳಿದರು ಎಂಬುದನ್ನು ನಾನು ಇಲ್ಲಿ ಒತ್ತಿ ಬರೆಯಬೇಕು, ಯಾಕೆಂದರೆ ಮುಂದಿನದು ಪೂರ್ತಿ ನನ್ನ ತಪ್ಪು.

ರೈಲು ನಿಲ್ದಾಣದ ಬೆಂಚಿನ ಮೇಲೆ ಕುಳಿತು ಲಕೋಟೆ ಬಿಚ್ಚಿದೆ. ಪುಟ ತುಂಬ ಇಂಗ್ಲಿಷು. ಅದರ ನಡುವೆ 'ಎಲ್.ವಿ.ಇ.ಎಫ್.' ಎಂಬ ನಾಲ್ಕು ಅಕ್ಷರ, ಪಕ್ಕದಲ್ಲಿ ಮೂವತ್ತೈದು, ಅದರ ಬೆನ್ನಿಗೆ ಶೇಕಡಾ ಚಿಹ್ನೆ. ಪರವೂರಿನ ಜಾತ್ರೆಯಲ್ಲಿ ನಮ್ಮೂರಿನವನು ಸಿಕ್ಕಂತಾಯಿತು. ಮೊಬೈಲಿನಲ್ಲಿ ಅರ್ಥ ನೋಡಬಹುದಿತ್ತು. ಆದರೆ ನೀವೇ ಹೇಳಿ, ಶೇಕಡಾ ಎಂದರೇನೆಂದು ಗಣಿತದ ಮಾಸ್ತರ ಮೊಬೈಲಿಗೆ ಕೇಳುವುದೇ? ನಮ್ಮ ಹತ್ತನೆಯ ತರಗತಿಯಲ್ಲಿ ಮೂವತ್ತೈದು ಬಂದರೆ ಪಾಸು. ಮೂವತ್ತನಾಲ್ಕು ಬಂದವರ ತಂದೆತಾಯಿ ಮನೆಗೆ ಬಂದು ಕಣ್ಣೀರು ಹಾಕಿದ್ದನ್ನು ಕಂಡವನು ನಾನು. ಮೂವತ್ತೈದು ಸಣ್ಣ ಮಾತಲ್ಲ.

"ಅಕ್ಕಾ, ನೀ ಪಾಸ್!" ಎಂದೆ.

"ಖರೇನೇನೋ?" ಎಂದಳು.

"ಅಂಚಿನ್ಯಾಗ ಆಗಿದಿ. ಆದ್ರೂ ಪಾಸ್ ಅಂದ್ರ ಪಾಸ್."

ಅದೇ ಸಂಜೆ ಒಂದು ಕಿಲೋ ಕರದಂಟು ಒಯ್ದು ನಾಗನೂರಿನ ಅವಳ ಓಣಿಗೆಲ್ಲ ಹಂಚಿದೆ. ಮರುದಿನ ಹತ್ತು ಗಂಟೆಗೆ ನಾನು ತರಗತಿಯಲ್ಲಿ ಭಿನ್ನರಾಶಿ ಕಲಿಸುತ್ತಿದ್ದೆ, ಅಕ್ಕ ಎಮ್ಮೆ ಮೈ ತೊಳೆಯುತ್ತಿದ್ದಳು. ಡಾಕ್ಟರರ ಕಡೆ ಇಬ್ಬರೂ ಹೋಗಲಿಲ್ಲ. ಪಾಸಾದವರು ಮತ್ತೆ ಸಾಲಿಗೆ ಯಾಕೆ ಹೋಗುತ್ತಾರೆ?

ಹನ್ನೆರಡನೆಯ ದಿನ ಬೆಳಿಗ್ಗೆ ಅಕ್ಕನ ಸೊಸೆ ಶೋಭಾ ಫೋನ್ ಮಾಡಿದಳು. "ಮಾವಾರ, ಲಗೂನ ಬರ್ರಿ. ಅತ್ತಿಯವರು ಹಾಲಿನ ಬಕೀಟು ಹಿಡಕೊಂಡು ಕೊಟಗ್ಯಾಗ ಕುಂತಾರ, ಏಳಾಕ ಆಗವಲ್ದು." ನಾನು ಹೋಗುವಷ್ಟರಲ್ಲಿ ಅವಳನ್ನು ಗಾಡಿಗೆ ಹತ್ತಿಸಿದ್ದರು. ಕಾಲು ಬಾತಿದ್ದವು. ಬೆರಳಿಟ್ಟರೆ ಗುಣಿ ಬೀಳುತ್ತಿತ್ತು. ಮಾತಿಗೊಮ್ಮೆ ಉಸಿರು ಹುಡುಕುತ್ತಿದ್ದಳು. ನಾನು ಅವಳ ಕೈ ಹಿಡಿದು ಕುಳಿತೆ. ನನಗೆ ಆರು ವರ್ಷದಲ್ಲಿ ಆಗಿದ್ದ ಹೆದರಿಕೆಯೇ ಮತ್ತೆ ಆಯಿತು.

ದವಾಖಾನೆಯಲ್ಲಿ ಅವಳಿಗೆ ಆಮ್ಲಜನಕ ಹಚ್ಚಿದರು, ನೀರು ಇಳಿಯಲು ಇಂಜೆಕ್ಷನ್ ಕೊಟ್ಟರು. ಎರಡನೆಯ ದಿನ ಉಸಿರು ತಹಬಂದಿಗೆ ಬಂತು. ಆಗ ಡಾಕ್ಟರ್ ಬಾಯಿ, ಅಂದರೆ ಹೃದಯದ ಲೇಡಿ ಡಾಕ್ಟರು, ಹಾಸಿಗೆಯ ಹತ್ತಿರ ಬಂದರು. ಯಮಕನಮರಡಿ ಕಡೆಯ ಒಕ್ಕಲುತನದ ಮನೆಯವರು, ವಯಸ್ಸಿನಲ್ಲಿ ನನ್ನ ವಿದ್ಯಾರ್ಥಿನಿಯಾಗಿರಬಹುದಾದವರು. ಹಳೆಯ ರಿಪೋರ್ಟು ಕೈಯಲ್ಲಿ ಹಿಡಿದಿದ್ದರು. ಅಂದು ಯಾಕೆ ಬರಲಿಲ್ಲ ಎಂದು ಕೇಳಿದರು. ನಾನು ಇದ್ದದ್ದನ್ನು ಇದ್ದಂತೆ ಹೇಳಿದೆ, ಕರದಂಟಿನ ಸಮೇತ. ಅವರು ಬೈಯಲಿಲ್ಲ. ಬೈದಿದ್ದರೆ ಒಳ್ಳೆಯದಿತ್ತು.

"ಸರ, ನೀವು ಏನು ಕಲಿಸ್ತೀರಿ?"

"ಗಣಿತ್ರಿ."

"ಹಂಗಾರ ಹೇಳ್ರಿ, ಈ ಮೂವತ್ತೈದು ಎದರಾಗಿಂದು?"

ಅಂಶ ಬರೆದು ಛೇದ ಮರೆತವನಿಗೆ ಸೊನ್ನೆ ಎಂದು ಮೂವತ್ತು ವರ್ಷ ಹೇಳಿಕೊಂಡು ಬಂದವನು ನಾನು. ಭಿನ್ನರಾಶಿಯ ಕೆಳಗಿನ ಸಂಖ್ಯೆ ಯಾವುದೆಂದು ಗೊತ್ತಿಲ್ಲದೆ ಮೇಲಿನದಕ್ಕೆ ಕುಣಿಯಬೇಡಿ ಎಂದು ಬೋರ್ಡಿಗೆ ಡಸ್ಟರ್ ಬಡಿದು ಹೇಳಿದವನು. ಎದರಾಗಿಂದು, ಅಂದರೆ ಯಾವುದರಲ್ಲಿ ಮೂವತ್ತೈದು, ಎಂದು ಕೇಳಬೇಕೆಂದು ಅಂದು ನನಗೆ ತೋಚಿರಲಿಲ್ಲ.

ಅವರು ಚೀಟಿಯ ಬೆನ್ನಿಗೆ ಚಿತ್ರ ಬರೆದರು. "ಇದಕ್ಕ ಇಜೆಕ್ಷನ್ ಫ್ರ್ಯಾಕ್ಷನ್ ಅಂತೀವ್ರಿ. ಹೃದಯದ ಎಡಗಡೆ ಕೆಳಗಿನ ಖೋಲಿ ರಕ್ತ ತುಂಬಿಕೊಳ್ಳತೈತಿ, ಆಮ್ಯಾಲೆ ಹಿಂಡತೈತಿ. ತುಂಬಿದ್ದರಾಗ ನೂರಕ್ಕ ಎಷ್ಟು ಪಾಲು ಹೊರಗ ಹೋತು ಅನ್ನೂದ ಈ ನಂಬರ್. ಗಟ್ಟಿ ಹೃದಯಾನೂ ಐವತ್ತೈದು, ಅರವತ್ತು, ಬಾಳ ಅಂದ್ರ ಎಪ್ಪತ್ತು ಹಿಂಡತೈತಿ. ಅರವತ್ತು ಅಂದ್ರ ಪೂರಾ ಮಾರ್ಕ್ಸ್ ಇದ್ದಂಗ. ನಲವತ್ತರ ಕೆಳಗ ಬಂತಂದ್ರ ನಾವು ಗುಳಿಗಿ ಚಾಲೂ ಮಾಡಬೇಕು."

ಆಮ್ಲಜನಕದ ನಳಿಕೆ ಸರಿಸಿ ಅಕ್ಕ ಕೇಳಿದಳು, "ಹಂಗಾರ ನೂರಕ್ಕ ನೂರು ಯಾರಿಗೂ ಬರೂದಿಲ್ಲೇನ್ರಿ ಬಾಯಾರ?"

"ಇಲ್ಲವ್ವಾ. ಬರಬೇಕಾಗಿನೂ ಇಲ್ಲ. ಸ್ವಲ್ಪ ಒಳಗ ಉಳೀಬೇಕು."

"ಮತ್ತ! ನಾಕೂ ಮೊಲಿ ಹಿಂಡಿದ್ರ ಕರಕ್ಕ ಏನ ಉಳೀತು?" ಎಂದು ಅಕ್ಕ ನನ್ನ ಕಡೆ ನೋಡಿದಳು. ಹೃದಯಕ್ಕೆ ಕರು ಇಲ್ಲ, ಹೋಲಿಕೆ ಪೂರ್ತಿ ಹೊಂದುವುದಿಲ್ಲ ಎಂದು ಡಾಕ್ಟರ್ ಬಾಯಿ ನಗುತ್ತ ಹೇಳಿದರು. ಆದರೆ ಇನ್ನು ಮುಂದೆ ಬೇರೆ ರೋಗಿಗಳಿಗೂ ಹೀಗೆಯೇ ಹೇಳುತ್ತೇನೆ ಎಂದರು.

ಇಷ್ಟಕ್ಕೇ ಮುಗಿದಿದ್ದರೆ ನನಗೆ ಬರೀ ನಾಚಿಕೆಯಾಗುತ್ತಿತ್ತು. ಅವರು ಚಿತ್ರದ ಪಕ್ಕದಲ್ಲಿ ಎರಡು ಅಂಕಿ ಬರೆದರು. "ಚಲೋ ಹೃದಯ ನೂರಾ ಇಪ್ಪತ್ತು ಎಂ.ಎಲ್. ತುಂಬಿಕೊಂಡು ಎಪ್ಪತ್ತರ ಮಟ ಹೊರಗ ಹಾಕತೈತಿ ಅಂತ ತಿಳಕೊಳ್ರಿ. ನಿಮ್ಮ ಅಕ್ಕಾರ ಹೃದಯ ಹಿಂಡೂ ಶಕ್ತಿ ಕಳಕೊಂಡೈತಿ. ಆದ್ರ ಖೋಲಿ ಹಿಗ್ಗಿಸಿಕೊಂಡು ಎರಡನೂರು ತುಂಬಿಕೊಳ್ಳಾಕತ್ತೈತಿ. ಈಗ ಎರಡನೂರಕ್ಕ ಶೇಕಡಾ ಮೂವತ್ತೈದು ಎಷ್ಟಾತು, ನೀವ ಹೇಳ್ರಿ."

"ಎಪ್ಪತ್ತು," ಎಂದೆ.

ಅಷ್ಟೇ. ಎರಡೂ ಎಪ್ಪತ್ತು. ಮೇಲಿನ ಅಂಶ ಕಡಿಮೆಯಾಗಬಾರದೆಂದು ಅಕ್ಕನ ಹೃದಯ ಕೆಳಗಿನ ಛೇದವನ್ನು ದೊಡ್ಡದು ಮಾಡಿಕೊಂಡಿತ್ತು. ಯಾರೂ ಹೇಳಿಕೊಟ್ಟಿರಲಿಲ್ಲ. ಅಕ್ಕನಿಗೂ ಗೊತ್ತಿರಲಿಲ್ಲ. ಅವಳು ರೊಟ್ಟಿ ಬಡಿಯುವಾಗ, ಹೊಲಕ್ಕೆ ಬುತ್ತಿ ಒಯ್ಯುವಾಗ, ನಾನು ಬಂದಾಗಲೆಲ್ಲ ನೊರೆಹಾಲಿನ ತಂಬಿಗೆ ಹಿಡಿದು ಬಾಗಿಲಿಗೆ ಬರುವಾಗ, ಒಳಗೆ ಈ ಲೆಕ್ಕ ಬಡಿತಕ್ಕೊಮ್ಮೆ ನಡೆದಿತ್ತು. ಎಷ್ಟು ದಿನದಿಂದ ಎಂದು ಕೇಳಿದೆ. ವರ್ಷವೇ ಆಗಿರಬಹುದು ಎಂದರು. ಇಷ್ಟು ವರ್ಷ ಗಣಿತ ಕಲಿಸಿದ್ದೇನೆ, ಲೆಕ್ಕವೊಂದು ಕಣ್ಣಲ್ಲಿ ನೀರು ತರಿಸಿದ್ದು ಅದೊಂದೇ ಸಲ. ಮುಷ್ಟಿಯಷ್ಟು ಮಾಂಸ, ಅದಕ್ಕೆ ಇಷ್ಟು ಬುದ್ಧಿ, ಇಷ್ಟು ಕಾಳಜಿ ಎಲ್ಲಿಂದ ಬಂತು? ನನಗೆ ಇವತ್ತಿಗೂ ಅದರ ಮುಂದೆ ಕೈ ಮುಗಿಯಬೇಕೆನಿಸುತ್ತದೆ.

"ಆದ್ರ ಹಿಂಗ ಹಿಗ್ಗಿಕೋತ ಹೋದ್ರ ಒಂದಿನ ಅದೂ ಸೋಲತೈತಿ," ಎಂದರು ಡಾಕ್ಟರ್ ಬಾಯಿ. "ಹನ್ನೆರಡು ದಿನ ತಡಾ ಮಾಡಿದ್ರಿ. ಇನ್ನೂ ತಡಾ ಆಗಿದ್ರ ನಾ ಈ ಚಿತ್ರಾ ಬರೀತಿದ್ದಿಲ್ಲ."

ಅವರು ಹೋದ ಮೇಲೆ ನಾನು ಹಾಸಿಗೆಯ ಅಂಚಿಗೆ ಕುಳಿತು, "ಅಕ್ಕಾ, ನನ್ನಿಂದ ತಪ್ಪಾತು," ಎಂದೆ.

"ಹುಚ್ಚಪ್ಪಾ," ಎಂದಳು. "ನೀ ಕರದಂಟ ಹಂಚಿದಾಗ ಇಡೀ ಓಣಿ ನೂರು ವರ್ಷ ಬಾಳು ಅಂದೈತಿ. ಅದೇನು ಪುಗಸಟ್ಟೆ ಹೋಗೂದಿಲ್ಲ." ಸ್ವಲ್ಪ ಹೊತ್ತು ಉಸಿರು ತೆಗೆದುಕೊಂಡು, "ಆದ್ರ ಇನ್ಮ್ಯಾಲೆ ಡಾಕ್ಟರ್ ಹೇಳೂತನಾ ಬಾಯಿ ಸಿಹಿ ಮಾಡಬ್ಯಾಡ," ಎಂದಳು.

ಆಮೇಲೆ ಗುಳಿಗೆಗಳು, ಉಪ್ಪಿಲ್ಲದ ಪಲ್ಯ, ದಿನಾಲು ತೂಕ. ಉಪ್ಪು ಬಿಟ್ಟದ್ದಕ್ಕಿಂತ ಬಕೀಟು ಬಿಟ್ಟದ್ದು ಅವಳಿಗೆ ಕಷ್ಟವಾಯಿತು. ಶೋಭಾ ಹಿಂಡಲು ಕುಳಿತರೆ ಅಕ್ಕ ಕಟ್ಟೆಯ ಮೇಲಿಂದ, "ನಾಕನೇದು ಬಿಡವಾ," ಎಂದು ಕೂಗುತ್ತಿದ್ದಳು; ಆ ಪಾಪದ ಹುಡುಗಿ ಎಂದೂ ಮುಟ್ಟಿದವಳೇ ಅಲ್ಲ. ಆರು ತಿಂಗಳಿಗೆ ನಂಬರು ನಲವತ್ತೆರಡಾಯಿತು. ಮತ್ತೊಂದು ವರ್ಷಕ್ಕೆ ಐವತ್ತು. ಹಿಗ್ಗಿದ ಖೋಲಿ ಮೆಲ್ಲಗೆ ಕುಗ್ಗಿ ತನ್ನ ಹಳೆಯ ಅಳತೆಯ ಹತ್ತಿರ ಬಂತು. ಈ ನಡುವೆ ನಾನು ಆ ನಂಬರಿನ ಸ್ವಭಾವವನ್ನೂ ಸ್ವಲ್ಪ ಕಲಿತೆ. ಒಂದೇ ಹೃದಯವನ್ನು ಇಬ್ಬರು ಅಳೆದರೆ ನಾಲ್ಕೈದು ಅಂಕ ಹೆಚ್ಚುಕಡಿಮೆ ಬರಬಹುದಂತೆ, ಒಂದೇ ಉತ್ತರಪತ್ರಿಕೆ ಇಬ್ಬರು ಮಾಸ್ತರರ ಕೈಗೆ ಸಿಕ್ಕ ಹಾಗೆ. ಅರವತ್ತು ಇದ್ದೂ ಏದುಸಿರು ಬಿಡುವವರಿದ್ದಾರಂತೆ. ನಂಬರನ್ನು ಮನುಷ್ಯನ ಜೊತೆಗಿಟ್ಟು ಓದಬೇಕು ಎಂದರು ಡಾಕ್ಟರ್ ಬಾಯಿ. ಮೂವತ್ತನಾಲ್ಕು ಬಂದವರ ಮನೆಯವರನ್ನು ಬಾಗಿಲಿಂದಲೇ ಕಳಿಸಿದ್ದು ಅಂದು ನನಗೆ ನೆನಪಾಯಿತು.

"ಆತ್ರಿ ಸರ, ಏಳ್ರಿ," ಎಂದಳು ಯಂತ್ರದವಳು. ಸೊಂಯ್ ಸದ್ದು ನಿಂತಿತು. ಜೆಲ್ಲಿ ಒರೆಸಿಕೊಂಡೆ, ಅಂಗಿ ತೊಟ್ಟೆ, ಲಕೋಟೆ ಹಿಡಿದು ಹೊರಗೆ ಬಂದೆ. ಬೆಂಚಿನ ಮೇಲೆ ಗೌರಕ್ಕ ಕುಳಿತಿದ್ದಳು. ಎಪ್ಪತ್ತು ದಾಟಿದವಳು, ನನ್ನ ಜೊತೆ ಬಂದೇ ತೀರುತ್ತೇನೆಂದು ನಾಗನೂರಿನಿಂದ ಒಬ್ಬಳೇ ಬಸ್ಸು ಹತ್ತಿ ಬಂದಿದ್ದಳು.

"ತಾ ಇಲ್ಲೆ," ಎಂದು ಲಕೋಟೆ ಕಸಿದುಕೊಂಡಳು. ನಾನು ಬಿಚ್ಚಿರಲಿಲ್ಲ. ಅಷ್ಟು ಬುದ್ಧಿ ನನಗೂ ಬಂದಿದೆ. ಆದರೂ ಅವಳು ನಂಬಲಿಲ್ಲ. ಲಕೋಟೆಯನ್ನು ಮಡಿಲಲ್ಲಿದ್ದ ಚೀಲಕ್ಕೆ ತುರುಕಿದಳು. ಚೀಲದೊಳಗೆ ಕರದಂಟಿನ ಡಬ್ಬಿ ಕಂಡಿತು, ಕಟ್ಟಿದ ದಾರ ಹಾಗೇ ಇತ್ತು.

"ಒಂದು ತುಣುಕು ಕೊಡು ಅಕ್ಕಾ. ಹಸದೇನಿ."

"ಡಾಕ್ಟರ್ ಬಾಯಿ ಹೇಳ್ಲಿ ಮೊದಲ," ಎಂದು ಚೀಲದ ಬಾಯಿ ಬಿಗಿಹಿಡಿದಳು.

ಅವಳ ಇನ್ನೊಂದು ಕೈಯ ಮಣಿಕಟ್ಟು ನನ್ನ ಬೆರಳಿಗೆ ಸಿಕ್ಕಿತು. ಹಸಿರು ಬಳೆಯ ಕೆಳಗೆ ಅದು ಬಡಿಯುತ್ತಿತ್ತು. ನಾನು ಎಣಿಸಲಿಲ್ಲ, ಸುಮ್ಮನೆ ಹಿಡಿದು ಕುಳಿತೆ. ಅಷ್ಟರಲ್ಲಿ ಡಾಕ್ಟರ್ ಬಾಯಿಯವರ ಕೋಣೆಯಿಂದ ನನ್ನ ಹೆಸರು ಕೂಗಿದರು. ನಾನು ಚಪ್ಪಲಿ ಹುಡುಕುವುದರೊಳಗೆ ಅಕ್ಕ ಎದ್ದು, ಚೀಲ ಬಗಲಿಗಿಟ್ಟುಕೊಂಡು, ಬಾಗಿಲ ತನಕ ಹೋಗಿ ನಿಂತಿದ್ದಳು.