ಶುಕ್ರವಾರ ಹುಟ್ಟಿದವಳ ಹೆಸರು

ನನ್ನ ಅಕ್ಕನ ಮಗಳು ಸಂಸ್ಕೃತದಲ್ಲಿ ಮಹಾರಾಣಿ, ಗ್ರೀಕ್‌ನಲ್ಲಿ ಹೂವು, ಅರೇಬಿಕ್‌ನಲ್ಲಿ ಬೆಳಕು. ಇನ್ನೂ ತೊಟ್ಟಿಲಿಗೇ ಹಾಕಿರಲಿಲ್ಲ, ಆಗಲೇ ಮೂರು ದೇಶದ ಪೌರತ್ವ!

ಹೆಸರು ನೈರಿಶಾ. ದುಬೈಯಲ್ಲಿರುವ ಬಾವ ಮೊಬೈಲ್ ಆ್ಯಪ್‌ನಲ್ಲಿ ಆರಿಸಿದ್ದು. ಹೆಸರುಗಳ ಮೂಲ ಕೆದಕುವ ನನ್ನ ಹುಚ್ಚು ಈ ಅಂಕಣ ಓದುವ ನಿಮಗೆ ಗೊತ್ತೇ ಇದೆ. (ಯಾರೂ ಕಲಿಸಿದ್ದಲ್ಲ, ಯಾರೂ ಕೇಳಿದ್ದೂ ಅಲ್ಲ.) ಮೂರು ವೆಬ್‌ಸೈಟ್, ಮೂರು ಅರ್ಥ. ಲೈಬ್ರರಿಯಲ್ಲಿ ಕೂತು ನಿಘಂಟು ಜಾಲಾಡಿದೆ. ಅಂಥ ಪದವೇ ಇಲ್ಲ!

ನಾಮಕರಣದ ಹಿಂದಿನ ದಿನ ದೇರೆಬೈಲಿನ ಅಕ್ಕನ ಮನೆಗೆ ಹೋಗಿ ವರದಿ ಒಪ್ಪಿಸಿದೆ.

"ಅರ್ಥ ಇಲ್ಲದಿದ್ರೆ ನಿಂಗೆಂತ ಮಾರಾಯ? ಕೇಳ್ಲಿಕ್ಕೆ ಚಂದ ಉಂಟಲ್ಲ," ಅಂದಳು ಅಕ್ಕ.

"ಸುಳ್ಳು ಅರ್ಥದ ಹೆಸರು ಯಾಕೆ? ಅಜ್ಜಿದೇ ಇಡು. ತುಕ್ರು! ಮಗು ಹುಟ್ಟಿದ್ದೂ ಶುಕ್ರವಾರವೇ ಅಲ್ವಾ?"

(ಘಟ್ಟದ ಮೇಲಿನವರಿಗಾಗಿ: ತುಳುವರಲ್ಲಿ ಶುಕ್ರವಾರ ಹುಟ್ಟಿದ ಗಂಡು ತುಕ್ರ, ಹೆಣ್ಣು ತುಕ್ರು. ಹುಟ್ಟಿದ ವಾರವೇ ಹೆಸರು. ಇದಕ್ಕಿಂತ ಪಕ್ಕಾ ಮೂಲ ಯಾವ ಆ್ಯಪ್‌ನಲ್ಲಿದೆ?)

ಅಕ್ಕ ನಗಲಿಲ್ಲ. ಮಗುವಿನ ಬಟ್ಟೆ ಮಡಚುತ್ತಿದ್ದ ಅಜ್ಜಿಯ ಕೈ ನಿಂತಿತು.

"ಆ ಹೆಸರು ಇಟ್ಟದ್ದು ಯಾರು ಅಂತ ಹುಡುಕಿದ್ಯಾ ಮಗಾ?"

ಹುಡುಕಿರಲಿಲ್ಲ.

"ಧಣಿಗಳು. ನನ್ನಪ್ಪ ಲಕ್ಷ್ಮಿ ಅಂತ ಇಡ್ಬೇಕು ಅಂತಿದ್ರು. ಧಣಿಗಳ ಮನೆಯಲ್ಲೂ ಒಬ್ಬಳು ಲಕ್ಷ್ಮಿ ಇದ್ಳು. 'ಎಂತ, ನನ್ನ ಮಗಳನ್ನು ಕರೆದ್ರೆ ನಿನ್ನ ಮಗಳೂ ಓ ಅನ್ಬೇಕಾ? ಯಾವ ವಾರ ಹುಟ್ಟಿದ್ದು ಇದು?' ಅಂತ ಕೇಳಿದ್ರಂತೆ. ಅಲ್ಲಿಗೆ ಮುಗೀತು. ದೇವರ ಹೆಸರು ಅವರಿಗೆ, ವಾರದ ಹೆಸರು ನಮಗೆ."

ನಾನು ಅಕ್ಕನ ಮುಖ ನೋಡಿದೆ. ಅವಳು ಮಗುವನ್ನು ಎತ್ತಿಕೊಂಡಳು.

"ನೀನು ಹೇಳಿದ ಅರ್ಥ ಸರಿಯೇ ಉಂಟು," ಅಜ್ಜಿ ಮತ್ತೆ ಬಟ್ಟೆ ಮಡಚತೊಡಗಿದರು. "ಅದೇ ತಾಪತ್ರಯ. ಈಗಲೂ ಕಂಕನಾಡಿ ಮಾರ್ಕೆಟಲ್ಲಿ ನನ್ನ ಹೆಸರು ಕೇಳಿದ್ರೆ ಎಂತ ಜನ, ಯಾವ ಜಾತಿ ಅಂತ ಎಲ್ರಿಗೂ ಗೊತ್ತಾಗ್ತದೆ. ಇವಳದ್ದು ಯಾರಿಗೂ ಅರ್ಥ ಆಗುವುದಿಲ್ಲ ಅಲ್ವಾ? ಅದನ್ನೇ ಇಡಿ."

ಮರುದಿನ ಮಗುವಿನ ಕಿವಿಯಲ್ಲಿ ಹೆಸರು ಹೇಳಿದ್ದು ಅಜ್ಜಿಯೇ. ನೈರಿಶಾ ಎನ್ನಲು ನಾಲಿಗೆ ತಿರುಗಲಿಲ್ಲ. ಆದರೂ ಬಿಡಲಿಲ್ಲ, ಸರಿಯಾಗಿ ಬರುವವರೆಗೆ ಹೇಳಿದರು. ವಿಡಿಯೋ ಕಾಲ್‌ನಲ್ಲಿ ಬಾವ ಚಪ್ಪಾಳೆ ತಟ್ಟಿದ.

ಇಂಥ ಆ್ಯಪ್‌ಗಳ ಮಾನ ಕಳೆಯಬೇಕೆಂದೇ ಈ ವಾರ ಬರೆಯಲು ಕೂತಿದ್ದೆ. ಸುಳ್ಳು ಹೇಳುತ್ತವೆ, ನಿಜ. ಆದರೆ ಮಹಾರಾಣಿಯ ಪಟ್ಟ ಕಟ್ಟುವ ಮೊದಲು "ನೀವು ಎಂತ ಜನ?" ಎಂದು ಅವು ಕೇಳಿದ್ದುಂಟೇ?