ರೆಪ್ಪೆ ಚಿಕ್ಕಿಗೆ ಎತ್ತದ ದೀಪ

ರೆಪ್ಪೆ ಚಿಕ್ಕಿ ಯಾವಾಗ ಬೇಕೆಂದರೆ ಆವಾಗ ಕಾಣುವ ನಕ್ಷತ್ರವಲ್ಲ. ವರ್ಷದಲ್ಲಿ ಕೆಲವು ವಾರ ಮಾತ್ರ, ಹೊತ್ತು ಮುಳುಗಿದ ಮೇಲೆ, ಮಾಸಲು ಕೆಂಪಾಗಿ ಕಾಣುತ್ತದೆ. ಆಮೇಲೆ ದಿನದಿನಕ್ಕೆ ಮಂಕಾಗಿ ಇಲ್ಲವಾಗುತ್ತದೆ. ಸುತ್ತಲಿನ ಚಿಕ್ಕಿಗಳೆಲ್ಲ ಇದ್ದಲ್ಲೇ ಇರುತ್ತವೆ, ಅದೊಂದು ಇರುವುದಿಲ್ಲ. ಕಲಬುರಗಿ ಕಡೆಯ ನಮ್ಮ ಮನೆಗಳಲ್ಲಿ ಇದಕ್ಕೆ ರೆಪ್ಪೆ ಮುಚ್ಚಿತು ಅನ್ನುತ್ತಾರೆ. ಹೈದರಾಬಾದಿಗೆ ಬಂದ ಮೇಲೆ ಇಲ್ಲಿನವರಿಗೂ ಅದು ಗೊತ್ತೆಂದು ತಿಳಿಯಿತು. ಮೆಹದಿಪಟ್ಟಣಂನಲ್ಲಿ ನನ್ನ ಅತ್ತೆಯ ಮನೆಯ ಪಕ್ಕದ ಅಜ್ಜಿ, ರಂಜಾನಿನ ಚಂದ್ರನನ್ನು ಓಣಿಗೆಲ್ಲ ಮೊದಲು ಕಾಣುವವರು, ಅದನ್ನು ಪಲಕ್ ತಾರಾ ಎಂದು ಕರೆಯುತ್ತಾರೆ; ಉರ್ದುವಿನ ಪಲಕ್ ಅಂದರೂ ರೆಪ್ಪೆಯೇ. ಕೊಂಡಾಪುರದ ನನ್ನ ಆಫೀಸಿನ ತೆಲುಗಿನವರಿಗೆ ಅದು ರೆಪ್ಪ ಚುಕ್ಕ. ಮೂರು ಭಾಷೆಯವರಿಗೂ ಆಕಾಶದ ಆ ಜಾಗ ಕಣ್ಣಾಗಿಯೇ ಕಂಡಿದೆ.

ಬಾಣಂತನ ಮುಗಿದ ಮೇಲೆ ಕೂಸಿಗೆ ಈ ಚಿಕ್ಕಿ ತೋರಿಸುವುದು ನಮ್ಮ ಪದ್ಧತಿ. ಅದನ್ನು ನೋಡಿದ ಮೇಲೆಯೇ ಕೂಸಿನ ಕಣ್ಣಿಗೆ ಲೋಕ ನಿಲ್ಲುತ್ತದೆ ಎಂದು ನಂಬಿಕೆ. ತಂದೆ ಕೂಸನ್ನು ಕೈಮೇಲೆ ಅಂಗಾತ ಹಿಡಿದು ನಿಲ್ಲಬೇಕು. ಮನೆಯ ಹಿರಿಯ ಹೆಂಗಸು ಹಣತೆಯನ್ನು ಅದರ ಮುಖದ ಮುಂದೆ ಎಡದಿಂದ ಬಲಕ್ಕೆ, ಬಲದಿಂದ ಎಡಕ್ಕೆ ನಿಧಾನವಾಗಿ ಒಯ್ಯುತ್ತಾಳೆ. ಕಣ್ಣುಗಳು ದೀಪದ ಹಿಂದೆ ಹೊರಟವೆಂದರೆ ದೀಪವನ್ನು ಚಿಕ್ಕಿಯತ್ತ ಎತ್ತುತ್ತಾಳೆ. ಕೂಡಿದವರು ‘ಕಂಡಿತು’ ಅನ್ನುತ್ತಾರೆ. ಚಿಕ್ಕಿ ಮುಚ್ಚಿದ ಕಾಲವಾದರೂ ಪದ್ಧತಿ ಬಿಡುವುದಿಲ್ಲ. ಅದು ಇರಬೇಕಾದ ಖಾಲಿ ಜಾಗಕ್ಕೇ ದೀಪ ಎತ್ತುತ್ತಾರೆ. ಏನೂ ಇಲ್ಲದ ಕಡೆ ಯಾಕೆ ಎಂದು ಚಿಕ್ಕವನಿದ್ದಾಗ ಅವ್ವನನ್ನು ಕೇಳಿದ್ದೆ.

“ಇಲ್ಲ ಅಂದವರ್ಯಾರು? ರೆಪ್ಪಿ ಮುಚ್ಚಿ ಒಳಗ ನೋಡಾಕತ್ತೈತಿ” ಅಂದಿದ್ದಳು.

ನನ್ನ ಮಗಳ ಸರದಿ ಕಾರ್ತಿಕದಲ್ಲಿ ಬಂತು. ಚಿಕ್ಕಿ ಮುಚ್ಚಿತ್ತು. ಅತ್ತೆಯ ಮನೆಯ ಮಾಳಿಗೆ ಮೇಲೆ ನೆಂಟರು ಸೇರಿದ್ದರು. ಕೆಳಗೆ ರಸ್ತೆಯಲ್ಲಿ ಬಸ್ಸುಗಳ ಸದ್ದು. ಗಾಳಿಗೆ ದೀಪ ಆರದಂತೆ ನನ್ನ ಹೆಂಡತಿ ಸೆರಗು ಅಡ್ಡ ಹಿಡಿದಿದ್ದಳು. ಅವ್ವ ಹಣತೆಯನ್ನು ಎಡಕ್ಕೆ ಒಯ್ದಳು. ಮಗಳ ಕಣ್ಣು ನನ್ನ ಅಂಗಿಯ ಗುಂಡಿಯ ಹತ್ತಿರವೆಲ್ಲೋ ನಿಂತಿದ್ದವು. ಹಣತೆ ಬಲಕ್ಕೆ ಬಂತು. ಕಣ್ಣು ಅಲ್ಲಿಯೇ ಇದ್ದವು. ರೂಢಿಯಂತೆ ಯಾರೋ ‘ಕಂಡಿತು’ ಅಂದರು, ಉಳಿದವರೂ ಅಂದರು.

ಅವ್ವ ದೀಪ ಎತ್ತಲಿಲ್ಲ. ಮತ್ತೆ ಮೊದಲಿನಿಂದ ಒಯ್ದಳು.

“ಅಪ್ಪನ್ಹಂಗ ಐತಿ ಕೂಸು” ಎಂದರು ಅತ್ತೆ. “ಕಣ್ಮುಂದ ಇಟ್ರೂ ಕಾಣಂಗಿಲ್ಲ.” ಎಲ್ಲರೂ ನಕ್ಕರು. ನಾನೂ ನಕ್ಕೆ.

ಅವ್ವ ದೀಪವನ್ನು ಒಂದು ಬದಿಗೆ ಹಿಡಿದು ಇನ್ನೊಂದು ಬದಿಯಿಂದ ನಾಲಿಗೆಯಲ್ಲಿ ಲೊಚಗುಟ್ಟಿದಳು. ಕೂಸು ತಕ್ಷಣ ಆ ಸದ್ದಿನತ್ತ ತಲೆ ಹೊರಳಿಸಿತು. ನಾನು ಕೂಸನ್ನು ಎದೆಗೆ ಒತ್ತಿಕೊಂಡೆ.

ಕೂಸಿಗೆ ನಿದ್ದೆ ಬಂದಿದೆ ಎಂದು ಅತ್ತೆ ಹೇಳಿದರು. ದೀಪ ಎತ್ತಿ ಮುಗಿಸಬೇಕೆಂದೂ ಅರ್ಧಕ್ಕೆ ಬಿಟ್ಟರೆ ಒಳ್ಳೆಯದಲ್ಲವೆಂದೂ ಉಳಿದವರು ಅಂದರು.

“ನಿದ್ದಿ ಅಲ್ಲ ತಂಗಿ” ಎಂದಳು ಅವ್ವ. “ದನೀ ಕಡೆ ಹೊಳ್ಳತೈತಿ, ದೀಪದ ಕಡೆ ಹೊಳ್ಳವಲ್ದು. ಕಾಣದ ಕೂಸಿಗೆ ತೋರಿಸೀನಿ ಅಂತ ನಾ ಹೆಂಗ ಹೇಳ್ಲಿ?”

ಹಣತೆಯನ್ನು ಅವಳು ತುಳಸಿಯ ಕುಂಡದ ಮರೆಗೆ ಇಟ್ಟಳು. ಹೆಂಡತಿ ನನ್ನ ಕೈಯಿಂದ ಮಗಳನ್ನು ಕಿತ್ತುಕೊಂಡು ಕೆಳಗಿಳಿದಳು. ಅಡುಗೆ ಮಾಡಿದ್ದು ಮಾಡಿದಂತೆಯೇ ಉಳಿಯಿತು.

ಮರುದಿನ ಕಣ್ಣಿನ ಆಸ್ಪತ್ರೆಯಲ್ಲಿ ಡಾಕ್ಟರು ಸಣ್ಣದೊಂದು ಬ್ಯಾಟರಿ ದೀಪ ತೆಗೆದು ಮಗಳ ಮುಖದ ಮುಂದೆ ಎಡದಿಂದ ಬಲಕ್ಕೆ, ಬಲದಿಂದ ಎಡಕ್ಕೆ ಒಯ್ದರು. ಅವ್ವನ ಕೈಯ ಅದೇ ನಿಧಾನ. ಹುಟ್ಟಿನಿಂದಲೇ ಎರಡೂ ಕಣ್ಣಿಗೆ ಪೊರೆ ಇತ್ತು. ಬೇಗ ತೆಗೆಯಬೇಕು, ತಡವಾದರೆ ಕಣ್ಣು ಸರಿಹೋದರೂ ನೋಡುವುದನ್ನು ಮೆದುಳು ಕಲಿಯುವುದಿಲ್ಲ ಎಂದರು. ತೆಗೆದ ಮೇಲೂ ಎಷ್ಟು ಕಲಿಯುತ್ತದೆ ಎಂದು ಈಗಲೇ ಹೇಳಲಾರೆ ಎಂದೂ ಸೇರಿಸಿದರು.

ಆಪರೇಷನ್ ನಡೆಯುವಾಗ ಹೊರಗೆ ಕುಳಿತು ಫೋನಿನಲ್ಲಿ ರೆಪ್ಪೆ ಚಿಕ್ಕಿಯ ಬಗ್ಗೆ ಓದಿದೆ. ಬೇರೆ ಏನನ್ನು ಓದುವುದಕ್ಕೂ ಆಗಲಿಲ್ಲ. ಅದು ಮುಪ್ಪಾದ ನಕ್ಷತ್ರವಂತೆ, ಉಬ್ಬುತ್ತದೆ, ಕುಗ್ಗುತ್ತದೆ. ಆ ಬಡಿತವನ್ನು ಅಳತೆಗೋಲು ಮಾಡಿಕೊಂಡು ವಿಜ್ಞಾನಿಗಳು ಇನ್ನೂ ದೂರದ ನಕ್ಷತ್ರಗಳ ದೂರ ಹೇಳುತ್ತಾರಂತೆ. ಇಂದು ನಮಗೆ ಕಾಣುವ ಅದರ ಬೆಳಕು ಹೊರಟಾಗ ಗೋಲ್ಕೊಂಡ ಬರೀ ಕಲ್ಲುಗುಡ್ಡ. ಅದರ ಮುಂದಿನ ಮಾತನ್ನು ಎರಡು ಸಲ ಓದಿದೆ. ನಮಗೆ ಕಾಣದಿರುವ ತಿಂಗಳುಗಳಲ್ಲಿ ಅದು ಆರಿರುವುದಿಲ್ಲ. ಕಣ್ಣಿಗೆ ಸಿಗದ ಶಾಖವಾಗಿ ಉರಿಯುತ್ತಲೇ ಇರುತ್ತದೆ. ಒಳಗೆ ನೋಡುತ್ತಿದೆ ಅಂದಿದ್ದ ಅವ್ವ ಪಕ್ಕದಲ್ಲಿಯೇ ಕುಳಿತು ಬಾಗಿಲು ನೋಡುತ್ತಿದ್ದಳು.

ಹಿಮಾಯತ್‌ನಗರದ ಅಂಗಡಿಯಲ್ಲಿ ಕನ್ನಡಕ ಮಾಡಿಸಿದೆವು. ಅಂಗೈಯಲ್ಲಿ ಅಡಗುವಷ್ಟು ಸಣ್ಣದು, ದಪ್ಪ ಗಾಜು, ತಲೆಯ ಹಿಂದೆ ಕಟ್ಟಲು ಇಲಾಸ್ಟಿಕ್ ಪಟ್ಟಿ. ಕೂಸು ಕಿತ್ತೆಸೆಯುತ್ತಿತ್ತು, ನಾವು ಮತ್ತೆ ಹಾಕುತ್ತಿದ್ದೆವು. ವಾರಗಳು ಹೋದವು. ಗಿಲಕಿಯ ಸದ್ದಿಗೆ ನಗುತ್ತಿತ್ತು. ಸದ್ದು ಮಾಡದೆ ಎದುರು ನಿಂತರೆ ನನ್ನನ್ನು ದಾಟಿ ಎಲ್ಲೋ ನೋಡುತ್ತಿತ್ತು. ಒಮ್ಮೊಮ್ಮೆ ಕಿಟಕಿಯತ್ತ ಕಣ್ಣು ಹೊರಳಿದಂತೆ ಅನಿಸುತ್ತಿತ್ತು. ಹೆಂಡತಿಯನ್ನು ಕರೆಯುವಷ್ಟರಲ್ಲಿ ಏನೂ ಇರುತ್ತಿರಲಿಲ್ಲ. ಬರಬರುತ್ತ ಅವಳನ್ನು ಕರೆಯುವುದನ್ನೇ ಬಿಟ್ಟೆ.

ಶಿವರಾತ್ರಿಯ ಹೊತ್ತಿಗೆ ಅವ್ವ ಚಿಕ್ಕಿ ಕಣ್ಣು ಬಿಟ್ಟಿತೆಂದು ಸುದ್ದಿ ತಂದಳು. ಪಕ್ಕದ ಮಾಳಿಗೆಯ ಅಜ್ಜಿ ಮೊದಲು ಕಂಡಿದ್ದರು. ಅರ್ಧಕ್ಕೆ ನಿಂತದ್ದನ್ನು ಮೊದಲಿನಿಂದ ಮಾಡಬೇಕು ಎಂದಳು. ನನಗೆ ಮನಸ್ಸಿರಲಿಲ್ಲ. ಆ ನಿಂತ ಕಣ್ಣುಗಳನ್ನು ಇನ್ನೊಮ್ಮೆ ನೋಡುವ ಧೈರ್ಯ ನನಗಿಲ್ಲವೆಂದು ಹೆಂಡತಿಗೆ ಹೇಳಿದೆ.

“ನೀವು ಬರೇ ಹಿಡಕೊಳ್ರಿ” ಅಂದಳು ಅವಳು. “ನೋಡೂದು ನಾ ನೋಡ್ತೀನಿ.”

ಅತ್ತೆಯ ಮನೆಯ ಅದೇ ಮಾಳಿಗೆ, ಆದರೆ ಈ ಸಲ ನೆಂಟರನ್ನು ಕರೆದಿರಲಿಲ್ಲ. ಸಂಜೆಯ ಕೆಂಪು ಆರುತ್ತಿತ್ತು. ಪಶ್ಚಿಮದಲ್ಲಿ, ಎದುರಿನ ಅಪಾರ್ಟ್‌ಮೆಂಟಿನ ನೀರಿನ ಟಾಕಿಯ ಮೇಲೆ, ರೆಪ್ಪೆ ಚಿಕ್ಕಿ ಇತ್ತು. ಕೆಂಡ ಬೂದಿಯೊಳಗಿಂದ ನೋಡುವ ಹಾಗೆ. ಕಾರ್ತಿಕದಲ್ಲಿ ಅದರ ಜಾಗದಲ್ಲಿ ಏನೂ ಇರಲಿಲ್ಲ ಎಂಬುದು ನಂಬುವುದಕ್ಕೆ ಕಷ್ಟವಾಯಿತು.

ಅವ್ವ ಹಣತೆಯನ್ನು ಎಡಕ್ಕೆ ಒಯ್ದಳು. ನಾನು ಕಣ್ಣು ಮುಚ್ಚಲಿಲ್ಲ. ಕನ್ನಡಕದ ಎರಡು ಗಾಜಿನಲ್ಲಿ ಎರಡು ಸಣ್ಣ ಉರಿಗಳು ಎಡಕ್ಕೆ ಜಾರಿದವು. ಅವುಗಳ ಹಿಂದೆ ಮಗಳ ಕಣ್ಣು ನಿಂತೇ ಇದ್ದವು. ಆಮೇಲೆ, ಯಾರೋ ಕರೆದದ್ದು ತಡವಾಗಿ ಕೇಳಿಸಿದವರಂತೆ, ಅವೂ ಎಡಕ್ಕೆ ಹೊರಟವು.

ಯಾರೂ ‘ಕಂಡಿತು’ ಅನ್ನಲಿಲ್ಲ. ಹೆಂಡತಿ ನನ್ನ ಮೊಳಕೈ ಗಟ್ಟಿಯಾಗಿ ಹಿಡಿದಳು. ಹಣತೆ ಬಲಕ್ಕೆ ಬಂತು. ಕಣ್ಣುಗಳು ಸ್ವಲ್ಪ ನಡುಗಿ, ದಾರಿ ತಪ್ಪಿ, ಮತ್ತೆ ದೀಪವನ್ನು ಹುಡುಕಿಕೊಂಡು ಬಲಕ್ಕೆ ಬಂದವು. ಅವ್ವ ಮತ್ತೆ ಎಡಕ್ಕೆ ಒಯ್ದಳು. ಮತ್ತೆ ಬಂದವು. ಅವಳ ಕೈ ನಿಲ್ಲಲಿಲ್ಲ. ಎಣ್ಣೆ ಚೆಲ್ಲಿ ಬೆರಳಿನಿಂದ ಮಣಿಕಟ್ಟಿಗೆ ಇಳಿಯುತ್ತಿತ್ತು.

ಅತ್ತೆ ಪಶ್ಚಿಮಕ್ಕೊಮ್ಮೆ ತಿರುಗಿ ನೋಡಿದರು. “ಅಕ್ಕಾರ, ಚಿಕ್ಕಿ ಟಾಕಿ ಹಿಂದ ಹೊಂಟೈತ್ರಿ. ದೀಪ ಎತ್ರಿ.”

“ಅದು ಹೋಗ್ತೈತಿ, ಮತ್ತ ಬರ್ತೈತಿ” ಎಂದಳು ಅವ್ವ, ತಲೆ ಎತ್ತದೆ. “ನೀ ಇಲ್ಲಿ ನೋಡು.”

ಅತ್ತೆ ಹತ್ತಿರ ಬಂದು ಬಗ್ಗಿದರು. ಎಣ್ಣೆ ಮುಗಿದು ಬತ್ತಿ ಕರಕಾಗುವವರೆಗೂ ನಾವು ನಾಲ್ವರೂ ಆ ಕಣ್ಣುಗಳನ್ನೇ ನೋಡುತ್ತಿದ್ದೆವು. ಚಿಕ್ಕಿ ಯಾವಾಗ ಮರೆಯಾಯಿತೋ ನಮ್ಮಲ್ಲಿ ಯಾರಿಗೂ ಗೊತ್ತಿಲ್ಲ.